ಗಾಜಿನ ಮನೆಯ ಡಾಕ್ಟರಮ್ಮ

ಕೇಳುಗರೆಲ್ಲರಿಗೂ ನಮಸ್ಕಾರ.

ಸಂಜೆ ದೀಪ ಹಾಕಿದ ಕೂಡಲೇ ಕಿಟಕಿಯ ಪರದೆ ಎಳೆಯುತ್ತೇವೆ, ಅಲ್ವಾ? ಇವತ್ತು ನಾನು ಹೇಳುವ ಮನೆಯಲ್ಲಿ ಕಿಟಕಿ ಯಾವುದು, ಗೋಡೆ ಯಾವುದು ಅಂತ ಕೇಳುವ ಹಾಗೇ ಇಲ್ಲ. ನಾಲ್ಕೂ ಕಡೆ, ನೆಲದಿಂದ ಸೂರಿನವರೆಗೆ ಬರೀ ಗಾಜು.

ಅಮೆರಿಕದ ಇಲಿನಾಯ್ ರಾಜ್ಯದ ಪ್ಲೇನೋ ಎಂಬ ಊರಿನ ಹತ್ತಿರ, ಫಾಕ್ಸ್ ನದಿಯ ದಂಡೆಯಲ್ಲಿ ಈ ಮನೆ ಇದೆ. ಕಟ್ಟಿಸಿದವರು ಷಿಕಾಗೋದ ಡಾಕ್ಟರ್ ಎಡಿತ್ ಫಾರ್ನ್ಸ್‌ವರ್ತ್. ಮೂತ್ರಪಿಂಡದ ಕಾಯಿಲೆಗಳಲ್ಲಿ ಪರಿಣಿತರು, ಪಿಟೀಲು ಕಲಿತವರು, ಒಂಟಿಯಾಗಿದ್ದವರು. ರಜೆಯ ದಿನ ಊರ ಗದ್ದಲ ಬಿಟ್ಟು ಬಂದಿರಲು ಅವರಿಗೊಂದು ಮನೆ ಬೇಕಿತ್ತು. 1945ರಲ್ಲಿ ಜರ್ಮನಿ ಮೂಲದ ವಾಸ್ತುಶಿಲ್ಪಿ ಮೀಸ್ ವಾನ್ ಡೆರ್ ರೋಹೆ ಅವರ ಪರಿಚಯವಾಯಿತು. 1951ಕ್ಕೆ ಮನೆ ಎದ್ದು ನಿಂತಿತು.

ನೋಡಲು ಅದು ಗಾಳಿಯಲ್ಲಿ ತೇಲುವಂತಿದೆ. ಬಿಳಿ ಬಣ್ಣದ ಎಂಟು ಉಕ್ಕಿನ ಕಂಬಗಳು. ಅವುಗಳ ನಡುವೆ ನೆಲದಿಂದ ಐದಡಿಗೂ ಮೇಲೆ ಒಂದು ಹಾಸು, ಅದರ ಮೇಲೊಂದು ಚಾವಣಿ. ಒಳಗೆ ಕೋಣೆಗಳಿಲ್ಲ. ಮಧ್ಯೆ ಮರದ ದೊಡ್ಡ ಪೆಟ್ಟಿಗೆಯಂಥದ್ದು, ಅದರೊಳಗೆ ಎರಡು ಬಚ್ಚಲು. ಅದಕ್ಕೆ ಅಂಟಿಕೊಂಡೇ ಒಂದು ಕಡೆ ಅಡುಗೆಯ ಜಾಗ, ಇನ್ನೊಂದು ಕಡೆ ಚಳಿ ಕಾಯಿಸುವ ಒಲೆ. ಅಷ್ಟೇ! ಫೋಟೋ ನೋಡಿದರೆ ನನಗೂ ಆಸೆಯಾಗುತ್ತದೆ.

ಆದರೆ ಬಾಳಬೇಕಾದವರು ಡಾಕ್ಟರಮ್ಮ. ಬೇಸಿಗೆಯಲ್ಲಿ ಸೆಕೆ, ಚಳಿಗಾಲದಲ್ಲಿ ಗಾಜಿನ ಮೇಲೆಲ್ಲ ನೀರ ಹನಿ. ಗಾಳಿಯಾಡಲು ಒಂದು ತುದಿಗೆ ಬಾಗಿಲು, ಇನ್ನೊಂದು ತುದಿಗೆ ಎರಡು ಪುಟ್ಟ ಕಿಟಕಿ. ರಾತ್ರಿ ದೀಪ ಹಾಕಿದರೆ ಸುತ್ತಲಿನ ಕಾಡಿನ ಹುಳುವೆಲ್ಲ ಗಾಜಿಗೆ ಮುತ್ತುತ್ತಿದ್ದವು. ಅಡುಗೆಯ ಜಾಗ ರಸ್ತೆಗೆ ಕಾಣುತ್ತದೆ ಅಂತ ಸಿಂಕಿನ ಕೆಳಗೆ ಕಸದ ಡಬ್ಬಿಯನ್ನೂ ಇಡುವುದಿಲ್ಲ ಎಂದು ಅವರು 1953ರಲ್ಲಿ ಪತ್ರಿಕೆಯೊಂದಕ್ಕೆ ಹೇಳಿದ್ದರು. ಮರುವರ್ಷ ನದಿಯೇ ಒಳಗೆ ಬಂತು.

ನನಗೆ ಮರೆಯಲಾಗದ್ದು ಬಟ್ಟೆಯ ಬೀರುವಿನ ಜಗಳ. ರಜಾ ಮನೆಗೆ ಒಂದೇ ಉಡುಪು ಸಾಕು, ಬಚ್ಚಲ ಬಾಗಿಲಿಗೆ ನೇತುಹಾಕಿ ಅಂದರಂತೆ ಮೀಸ್. ಎಡಿತ್ ಆರಡಿ ಎತ್ತರದ ಹೆಂಗಸು. ಗಿಡ್ಡ ಮರೆ ಕೊಟ್ಟರೆ ಬಟ್ಟೆ ಬದಲಿಸುವಾಗ ರುಂಡ ಮಾತ್ರ ಮೇಲೆ ಓಡಾಡಿದಂತೆ ಕಾಣುತ್ತದಲ್ಲ ಎನ್ನುವುದು ಅವರ ತಕರಾರು. ಕೊನೆಗೆ ಮೀಸ್ ಕಚೇರಿಯವರೇ ಎತ್ತರದ ಬೀರು ಮಾಡಿಕೊಟ್ಟರು. ಅಷ್ಟರಲ್ಲಿ ಹಣದ ವಿಷಯಕ್ಕೆ ಇಬ್ಬರೂ ಕೋರ್ಟು ಹತ್ತಿ, ಸ್ನೇಹ ಮುರಿದಿತ್ತು.

ಇಷ್ಟಾದರೂ ಸುಮಾರು ಇಪ್ಪತ್ತು ವರ್ಷ ಅವರು ಅಲ್ಲಿಗೆ ಹೋಗಿ ಬಂದು ಮಾಡಿದರು. ಜಗುಲಿಗೆ ಸೊಳ್ಳೆ ಪರದೆ ಹಾಕಿಸಿಕೊಂಡರು! 1972ರಲ್ಲಿ ಮಾರಿ ಇಟಲಿಗೆ ಹೋದರು. ಅಲ್ಲಿ ಕವಿತೆಗಳ ಅನುವಾದ ಹಿಡಿದರು. 2003ರಲ್ಲಿ ಮನೆ ಹರಾಜಿಗೆ ಬಂದಾಗ ಸಂರಕ್ಷಣಾ ಸಂಸ್ಥೆಗಳು ಅದನ್ನು 75 ಲಕ್ಷ ಡಾಲರ್‌ಗೆ ಕೊಂಡು, ಜನರಿಗೆ ನೋಡಲು ತೆರೆದವು. ಬರೀ ಫಾರ್ನ್ಸ್‌ವರ್ತ್ ಮನೆ ಎಂದಿದ್ದ ಹೆಸರಿಗೆ 2021ರಲ್ಲಿ ಎಡಿತ್ ಎಂದೂ ಸೇರಿಸಿದರು.

ಆ ಬೀರು? 2008ರ ನೆರೆಯಲ್ಲಿ ಅದು ನೆನೆದು ಹಾಳಾಯಿತು. ರಿಪೇರಿ ಮಾಡಿಸಿ, ಅದನ್ನಿಡಲೆಂದೇ ಅದೇ ತೋಟದಲ್ಲಿ ಒಂದು ಪುಟ್ಟ ಗ್ಯಾಲರಿ ಕಟ್ಟಿದರು. ನಮಸ್ಕಾರ.