ಒಂದು ದ್ವೀಪ, ಇಬ್ಬರು ಗೈಡ್‌ಗಳು, ಒಂದು ಫೋನ್ ಬಿಲ್

ಎಲ್ಲರಿಗೂ ನಮಸ್ಕಾರ. ಇದು ಸೈಪ್ರಸ್ ದ್ವೀಪದ ಲಾರ್ನಾಕಾ, ಬೆಳಗ್ಗೆ ಆರೂವರೆ. ಆ ನೀಲಿ ಸೀರೆ, ಅದರ ಕೆಳಗೆ ಬಿಳಿ ಶೂ, ಅದು ನಮ್ಮಮ್ಮ. ಅರಕಲಗೂಡಿನಿಂದ ಬಂದು ಹತ್ತು ದಿನ ಆಯಿತು. ಹತ್ತು ದಿನದಲ್ಲಿ ಸಮುದ್ರ ನೋಡಿ ಸಾಕಾಗಿ, "ಈ ಊರಲ್ಲಿ ನೋಡೋಕೆ ಬೇರೇನೂ ಇಲ್ವೇನೇ?" ಎಂದು ಕೇಳಿದರು. ಅದಕ್ಕೇ ಈ ಒಂದು ದಿನದ ಟೂರ್. ತಲೆಗೆ 70 ಯೂರೋ, ಊಟ ಸೇರಿ. ಜಾಸ್ತಿನೇ. ಅಮ್ಮನಿಗೆ ರೂಪಾಯಿ ಲೆಕ್ಕದಲ್ಲಿ ಹೇಳಿಲ್ಲ.

ಇಲ್ಲಿ ಒಂದು ನಿಮಿಷ ನಿಲ್ಲಿ. ಆ ರಸ್ತೆ ಫಲಕ ನೋಡಿ. ಗ್ರೀಕ್ ಅಕ್ಷರದಲ್ಲಿ 'ಸ್ಟ್ರಾಟಿಗೂ ತಿಮಾಯಾ' ಎಂದಿದೆ. ಅಂದರೆ ಜನರಲ್ ತಿಮ್ಮಯ್ಯ. ಹೌದು, ನಮ್ಮ ಮಡಿಕೇರಿಯ ತಿಮ್ಮಯ್ಯನವರೇ. ಭಾರತದ ಸೇನಾ ಮುಖ್ಯಸ್ಥರಾಗಿ ನಿವೃತ್ತರಾದ ಮೇಲೆ 1964ರಲ್ಲಿ ವಿಶ್ವಸಂಸ್ಥೆಯ ಶಾಂತಿಪಡೆಯ ಕಮಾಂಡರ್ ಆಗಿ ಇಲ್ಲಿಗೆ ಬಂದರು. 1965ರ ಡಿಸೆಂಬರ್ 18ರಂದು ಇಲ್ಲೇ ತೀರಿಕೊಂಡರು. ಮರುವರ್ಷ ಸೈಪ್ರಸ್ ಅವರ ಹೆಸರಲ್ಲಿ ಅಂಚೆಚೀಟಿ ತಂದಿತು. ಅಮ್ಮ ಫಲಕದ ಕೆಳಗೆ ನಿಂತು ಫೋಟೋ ತೆಗೆಸಿಕೊಂಡರು. ನಮ್ಮ ಅರಕಲಗೂಡಿಗೆ ಕೊಡಗು ಪಕ್ಕದ ಸೀಮೆ, ಹಾಗಾಗಿ ನೆಂಟರ ಮನೆ ಸಿಕ್ಕಷ್ಟು ಖುಷಿ. 1964 ಅನ್ನುವ ಇಸವಿ ನೆನಪಿಡಿ, ಮುಂದೆ ಬೇಕಾಗುತ್ತದೆ.

ಬಸ್ ಹತ್ತಿದ್ದು, ಸೀಟು ಹುಡುಕಿದ್ದು ನೋಡ್ತಾ ಇದ್ದೀರಲ್ಲ. ಈ ಗೈಡ್ ಗ್ರೀಕ್ ಸೈಪ್ರಿಯಟ್, ಅಂದರೆ ಈ ದ್ವೀಪದ್ದೇ ಗ್ರೀಕ್ ಮಾತಾಡುವ ಜನ, ಐವತ್ತು ದಾಟಿದ ಹೆಂಗಸು. ಚೆನ್ನಾಗಿ ಮಾತಾಡುತ್ತಾರೆ. ದ್ವೀಪ 9,251 ಚದರ ಕಿಲೋಮೀಟರ್ ಎಂದರು. ಅಂದರೆ ಎರಡೂಕಾಲು ಕೊಡಗು, ಅಷ್ಟೇ. ಅಷ್ಟರಲ್ಲೇ ದಕ್ಷಿಣಕ್ಕೆ ಸೈಪ್ರಸ್ ಗಣರಾಜ್ಯ. ಉತ್ತರಕ್ಕೆ 1983ರಲ್ಲಿ ತಾನೇ ಬೇರೆ ದೇಶ ಎಂದು ಘೋಷಿಸಿಕೊಂಡ, ಟರ್ಕಿ ಬಿಟ್ಟು ಬೇರೆ ಯಾರೂ ಒಪ್ಪದ ಇನ್ನೊಂದು ಸರ್ಕಾರ. ನಡುವೆ ಸುಮಾರು 180 ಕಿಲೋಮೀಟರ್ ಉದ್ದಕ್ಕೆ ವಿಶ್ವಸಂಸ್ಥೆ ಕಾಯುವ ಪಟ್ಟಿ. ಇದು ಸಾಲದು ಎಂದು ಬ್ರಿಟಿಷರೂ 1960ರಲ್ಲಿ ಸ್ವಾತಂತ್ರ್ಯ ಕೊಟ್ಟು ಹೋಗುವಾಗ ಎರಡು ತುಂಡು ನೆಲ ಇಟ್ಟುಕೊಂಡರು. ಅದು ಇವತ್ತಿಗೂ ಬ್ರಿಟನ್ನಿನದೇ. ಮನೆ ಬಿಟ್ಟುಕೊಟ್ಟು ಹಿತ್ತಲು ಇಟ್ಟುಕೊಂಡ ಹಾಗೆ.

ಈ ಗೈಡ್ ಕಥೆ ಶುರುವಾಗುವುದು 1974ರಿಂದ. ಜುಲೈ 15ಕ್ಕೆ ಗ್ರೀಸ್‌ನ ಸೈನಿಕ ಸರ್ಕಾರದ ಕುಮ್ಮಕ್ಕಿನಿಂದ ಇಲ್ಲಿ ಸರ್ಕಾರ ಉರುಳಿಸುವ ದಂಗೆ ಆಯಿತು. ಐದೇ ದಿನಕ್ಕೆ, ಜುಲೈ 20ರಂದು, ಟರ್ಕಿಯ ಸೈನ್ಯ ಬಂದು ಇಳಿಯಿತು. ಉತ್ತರದಲ್ಲಿದ್ದ ಗ್ರೀಕರು ದಕ್ಷಿಣಕ್ಕೆ ಓಡಿದರು, ದಕ್ಷಿಣದಲ್ಲಿದ್ದ ಟರ್ಕರು ಉತ್ತರಕ್ಕೆ ಹೋದರು. ಅವರ ಅಪ್ಪ-ಅಮ್ಮನ ಮನೆ ಆ ಕಡೆ ಇದೆಯಂತೆ. ಅಷ್ಟು ಹೇಳಿ ಮೈಕ್ ಕೆಳಗಿಟ್ಟರು.

ಈಗ ಪರದೆ ಕಪ್ಪು. ಗಾಬರಿ ಬೇಡ, ನಿಮ್ಮ ಫೋನ್ ಸರಿ ಇದೆ. ಉತ್ತರಕ್ಕೆ ದಾಟುವ ಚೆಕ್‌ಪೋಸ್ಟ್ ಇದು, ಇಲ್ಲಿ ಕ್ಯಾಮೆರಾ ಹಿಡಿಯುವಂತಿಲ್ಲ. ಪಾಸ್‌ಪೋರ್ಟ್ ನೋಡಿ ವಾಪಸ್ ಕೊಟ್ಟರು, ಇಪ್ಪತ್ತು ನಿಮಿಷ. ನಿಯಮ ಪಾಸ್‌ಪೋರ್ಟ್, ವೀಸಾ ನೋಡಿಕೊಂಡು ಬದಲಾಗುತ್ತದೆ, ನೀವು ಹೊರಡುವ ಮೊದಲು ವಿಚಾರಿಸಿಕೊಳ್ಳಿ. ತೋರಿಸಲು ಏನೂ ಇಲ್ಲವಲ್ಲ, ಈ ಇಪ್ಪತ್ತು ನಿಮಿಷದಲ್ಲಿ ಆದ ಅನಾಹುತ ಹೇಳಿಬಿಡುತ್ತೇನೆ. ಅಮ್ಮಾ, ನೀನು ಈ ಭಾಗ ಮುಂದೆ ಓಡಿಸು.

ಬಸ್ ಇನ್ನೂ ಬ್ರಿಟಿಷರ ನೆಲದಲ್ಲಿ ಸಾಲಲ್ಲಿ ನಿಂತಿತ್ತು. ಗೇಟು ದಾಟಿರಲಿಲ್ಲ. ಫೋನ್ ಟಿಂಗ್ ಎಂದಿತು. 'ಟರ್ಕಿಗೆ ಸ್ವಾಗತ' ಎಂದು ಮೆಸೇಜು. ನಾನು ನಕ್ಕೆ. ನಾನಿನ್ನೂ ಈ ಕಡೆ, ಫೋನ್ ಆಗಲೇ ಆ ಕಡೆ! ಸ್ಕ್ರೀನ್‌ಶಾಟ್ ತೆಗೆದು ಗೆಳತಿಗೂ ಕಳಿಸಿದೆ. ಯುರೋಪಿಯನ್ ಒಕ್ಕೂಟದ ಒಳಗೆ ರೋಮಿಂಗ್‌ಗೆ ಬೇರೆ ದುಡ್ಡಿಲ್ಲ ಅಲ್ವಾ, ಆ ಧೈರ್ಯ. ಕಾಗದದ ಪ್ರಕಾರ ಬ್ರಿಟಿಷರ ನೆಲ ಬಿಟ್ಟು ಇಡೀ ದ್ವೀಪ ಒಕ್ಕೂಟಕ್ಕೆ ಸೇರಿದ್ದು. ಆದರೆ ಅದರ ಕಾನೂನು ಉತ್ತರದಲ್ಲಿ ನಡೆಯುವುದಿಲ್ಲ, ಅಲ್ಲಿನ ಟವರ್‌ಗಳಿಗೂ ರೋಮಿಂಗ್ ನಿಯಮಕ್ಕೂ ಸಂಬಂಧವೇ ಇಲ್ಲ. ಇದು ನನಗೆ ಗೊತ್ತಿತ್ತು. ಗೊತ್ತಿದ್ದೂ ಡೇಟಾ ಆಫ್ ಮಾಡಲಿಲ್ಲ. ಅದೇ ಹೊತ್ತಿಗೆ ಫೋನ್ ಒಳಗೊಳಗೇ ಹಿಂದಿನ ದಿನದ ವಿಡಿಯೋಗಳನ್ನೆಲ್ಲ ಕ್ಲೌಡ್‌ಗೆ ಏರಿಸುತ್ತಾ ಕೂತಿತ್ತು. ಯಾವ ವಿಡಿಯೋ ಅಂತೀರಾ? ಅಮ್ಮ ಬೆಂಡೆಕಾಯಿ ಹೆಚ್ಚುವುದು. ನಾಲ್ಕು ನಿಮಿಷ, ಫೋರ್‌ಕೆ ಗುಣಮಟ್ಟದಲ್ಲಿ! ಮತ್ತೆ ಟಿಂಗ್. ನಿಮ್ಮ ರೋಮಿಂಗ್ ಡೇಟಾ 50 ಯೂರೋ ಮಿತಿ ಮುಟ್ಟಿದೆ, ನಿಲ್ಲಿಸಿದ್ದೇವೆ ಎಂದು. ಅದರ ಮೇಲೆ ನೂರಕ್ಕೆ 19 ತೆರಿಗೆ. ಒಟ್ಟು 59 ಯೂರೋ 50 ಸೆಂಟ್.

ಕಂಪನಿಗೆ ಫೋನ್ ಮಾಡಿದೆ. ಹೆಸರು ಹೇಳಲ್ಲ. ಆ ಹುಡುಗ ಬಹಳ ಮರ್ಯಾದೆಯಿಂದ, "ಮೇಡಂ, ನೀವು ಗಡಿ ದಾಟಿದ್ದೀರಿ" ಎಂದ. ದಾಟಿಲ್ಲಪ್ಪಾ, ಬ್ರಿಟಿಷರ ನೆಲದಲ್ಲಿ ಬಸ್ಸಿನಲ್ಲಿ ಕೂತಿದ್ದೆ ಎಂದೆ. "ನಿಮ್ಮ ಫೋನ್ ದಾಟಿದೆ ಮೇಡಂ" ಎಂದ. ಇದಕ್ಕೆ ಏನು ಉತ್ತರ ಕೊಡುವುದು? ಮೂರು ಸಲ ಮಾಡಿದೆ, ಮೂರು ಜನ ಅದನ್ನೇ ಹೇಳಿದರು. ಒಂದು ಬೆಂಡೆಕಾಯಿ ವಿಡಿಯೋಗೆ ಟೂರ್‌ನ ಮುಕ್ಕಾಲು ಪಾಲಿಗಿಂತ ಜಾಸ್ತಿ ದುಡ್ಡು. ನೀವು ಯಾರಾದರೂ ಇಲ್ಲಿಗೆ ಬಂದರೆ ಗಡಿಗೆ ಒಂದೆರಡು ಕಿಲೋಮೀಟರ್ ಮೊದಲೇ ಏರೋಪ್ಲೇನ್ ಮೋಡ್ ಹಾಕಿ. ಇನ್ನೊಂದು…

ಆಯಿತು, ಚಿತ್ರ ಬಂತು. ಇದು ಫಾಮಗುಸ್ತಾ. ವೆನಿಸ್‌ನವರು ಕಟ್ಟಿದ ಕೋಟೆ ಗೋಡೆ. ಎಷ್ಟು ದಪ್ಪ ನೋಡಿ. ಇಷ್ಟಿದ್ದರೂ 1571ರಲ್ಲಿ ಒಟ್ಟೋಮನ್ ಟರ್ಕರ ವಶವಾಯಿತು. ಶರಣಾದ ವೆನಿಸ್ ಸೇನಾಪತಿ ಬ್ರಗಾದಿನ್‌ನ ಚರ್ಮವನ್ನು ಜೀವಂತ ಸುಲಿದರಂತೆ. ಇದನ್ನು ಹೇಳಿದ್ದು ಹೊಸ ಗೈಡ್. ಗೇಟು ದಾಟಿದ ಮೇಲೆ ಹತ್ತಿದರು, ಟರ್ಕಿಶ್ ಸೈಪ್ರಿಯಟ್ ಯಜಮಾನರು, ಬಿಳಿ ಮೀಸೆ. ಮೊದಲನೆಯವರು ಹಿಂದಿನ ಸೀಟಿಗೆ ಹೋಗಿ ಕೂತರು. ಇಬ್ಬರೂ ಒಬ್ಬರಿಗೊಬ್ಬರು ಬಿಸ್ಕತ್ತು ಕೊಟ್ಟುಕೊಂಡರು, ಅದೂ ನೋಡಿದೆ.

ಈ ಎರಡು ಗೋಪುರದ ಕಟ್ಟಡ ಲಾಲಾ ಮುಸ್ತಫಾ ಪಾಷಾ ಮಸೀದಿ. ಕಟ್ಟಿದ್ದು ಸೇಂಟ್ ನಿಕೋಲಸ್ ಚರ್ಚ್ ಎಂದು, ಹದಿನಾಲ್ಕನೇ ಶತಮಾನದಲ್ಲಿ. ಸೈಪ್ರಸ್ ಆಳಿದ ಫ್ರೆಂಚ್ ಮೂಲದ ರಾಜರು ಇಲ್ಲಿ ಜೆರುಸಲೇಮಿನ ರಾಜರಾಗಿ ಪಟ್ಟ ಕಟ್ಟಿಸಿಕೊಳ್ಳುತ್ತಿದ್ದರು. ಆಗ ಜೆರುಸಲೇಮ್ ಅವರ ಕೈಯಲ್ಲಿ ಇರಲೇ ಇಲ್ಲ, ಆದರೂ! ಎಡಗಡೆ ಮಿನಾರ್ ಆಮೇಲೆ ಸೇರಿಸಿದ್ದು. ಒಳಗೆ ಎಲ್ಲ ಬಿಳಿ ಸುಣ್ಣ, ಕಲ್ಲಿನ ಕಮಾನುಗಳು, ತಂಪು. ಅಮ್ಮ ಸೆರಗು ತಲೆಗೆಳೆದುಕೊಂಡು ಹತ್ತು ನಿಮಿಷ ಸುಮ್ನೆ ಕೂತರು. ಮಸೀದಿಯೋ ಚರ್ಚೋ ಎಂದು ಕೇಳಲಿಲ್ಲ. ನೆಲ ತಣ್ಣಗಿದೆ ಎಂದರು ಅಷ್ಟೇ.

ಅಮ್ಮನಿಗೆ ನಿಜವಾಗಿ ಹಿಡಿಸಿದ್ದು ಹೊರಗಿನ ಈ ಮರ. ಏಳು ನೂರು ವರ್ಷದ್ದು, ಚರ್ಚ್ ಕಟ್ಟುವಾಗ ನೆಟ್ಟದ್ದು ಎನ್ನುತ್ತಾರೆ. ಗೈಡ್ ಏನೋ ಲ್ಯಾಟಿನ್ ಹೆಸರು ಹೇಳುತ್ತಿದ್ದರು. ಅಮ್ಮ ಹತ್ತಿರ ಹೋಗಿ ಕಾಂಡಕ್ಕೇ ಅಂಟಿಕೊಂಡ ಕಾಯಿ ನೋಡಿ, "ಇದು ಅತ್ತಿ ಮರ ಕಣೇ" ಎಂದುಬಿಟ್ಟರು. ನಮ್ಮ ಅತ್ತಿಯೇ ಅಲ್ಲ, ಅದರ ಆಫ್ರಿಕಾದ ದಾಯಾದಿ. ಆದರೂ ಅಮ್ಮನಿಗೆ ಪೂರ್ತಿ ಅಂಕ. ಅತ್ತಿಹಣ್ಣು ಬಿಚ್ಚಿದರೆ ಹುಳ ಅನ್ನುವ ಗಾದೆಯನ್ನು ಗೈಡ್‌ಗೆ ಹೇಳು ಎಂದು ಹಟ ಹಿಡಿದರು. ಹೇಳಿದೆ. ಅವರು ಜೋರಾಗಿ ನಕ್ಕರು, ಹಿಂದೆ ಇದ್ದ ಮೊದಲನೆಯ ಗೈಡ್ ಕೂಡ ನಕ್ಕರು.

ಈಗ ವರೋಶಾ, ಫಾಮಗುಸ್ತಾದ್ದೇ ಒಂದು ಬಡಾವಣೆ. ಇಲ್ಲಿ ನನ್ನ ಮಾತು ಕಡಿಮೆ, ನೀವೇ ನೋಡಿ. ಒಂದು ಕಾಲಕ್ಕೆ ದ್ವೀಪದ ದೊಡ್ಡ ದೊಡ್ಡ ಬೀಚ್ ಹೋಟೆಲುಗಳು ಇಲ್ಲಿದ್ದವು. 1974ರ ಆಗಸ್ಟ್‌ನಲ್ಲಿ ಟರ್ಕಿಯ ಸೈನ್ಯ ಬರುತ್ತದೆ ಎಂದು ಜನ ಕೈಗೆ ಸಿಕ್ಕಿದ್ದು ಹಿಡಿದು ಹೊರಟರು, ನಾಲ್ಕು ದಿನದಲ್ಲಿ ವಾಪಸ್ ಬರುತ್ತೇವೆ ಅಂದುಕೊಂಡು. ಆಮೇಲೆ ಸೈನ್ಯ ಬೇಲಿ ಹಾಕಿತು. 2020ರ ಅಕ್ಟೋಬರ್‌ನಲ್ಲಿ ಎರಡು ಮೂರು ರಸ್ತೆ ಮಾತ್ರ ತೆರೆದರು. ಈ ಊರಿಗೆ ಅದರ ಮೂಲದವರನ್ನು ಬಿಟ್ಟು ಬೇರೆಯವರನ್ನು ತಂದು ಕೂರಿಸಬಾರದು ಎಂದು ವಿಶ್ವಸಂಸ್ಥೆ 1984ರಲ್ಲೇ ಹೇಳಿದೆ.

ಅದಿರಲಿ, ಇಲ್ಲಿ ಬಾಡಿಗೆ ಸೈಕಲ್ ಇಟ್ಟಿದ್ದಾರೆ. ಜನರ ಮನೆ ಬಿದ್ದಿರುವುದನ್ನು ಸೈಕಲ್ ಮೇಲೆ ಸುತ್ತಿ ನೋಡುವುದು ಯಾವ ಸಂಸ್ಕೃತಿ ಎಂದು ಅಮ್ಮನ ಹತ್ತಿರ ದೊಡ್ಡ ಭಾಷಣ ಮಾಡಿದೆ. ಹದಿನೈದು ನಿಮಿಷ ಆಯಿತು. 38 ಡಿಗ್ರಿ ಬಿಸಿಲು. ಹೌದು, ಆ ಹಳದಿ ಸೈಕಲ್ ಮೇಲೆ ಹೋಗುತ್ತಿರುವುದು ನಾನೇ. ಏನೂ ಹೇಳಬೇಡಿ. ಮೊದಲನೆಯ ಗೈಡ್ ಬಸ್ಸಿನಿಂದ ಇಳಿಯಲೇ ಇಲ್ಲ.

ಎರಡನೆಯ ಗೈಡ್ ಕಥೆ ಶುರು ಮಾಡಿದ್ದು ಇಲ್ಲಿಂದ ಹೊರಟ ಮೇಲೆ. ಆದರೆ ಅವರದು 1974ರಿಂದ ಅಲ್ಲ, 1963ರ ಡಿಸೆಂಬರ್‌ನಿಂದ. ಆಗ ಗ್ರೀಕರು ಟರ್ಕರು ಹೊಡೆದಾಡಿ, ಟರ್ಕರು ಹಳ್ಳಿ ಬಿಟ್ಟು ಸಣ್ಣ ಸಣ್ಣ ಕೇರಿಗಳಲ್ಲಿ ಮುದುಡಿಕೊಂಡರು. ಆ ತಿಂಗಳ ಕೊನೆಗೆ ಬ್ರಿಟಿಷ್ ಸೇನಾಧಿಕಾರಿಯೊಬ್ಬ ರಾಜಧಾನಿ ನಿಕೋಸಿಯಾದ ನಕ್ಷೆಯ ಮೇಲೆ ಹಸಿರು ಪೆನ್ಸಿಲ್‌ನಿಂದ ಗೆರೆ ಎಳೆದ. ಅದಕ್ಕೇ ಹಸಿರು ಗೆರೆ ಎಂಬ ಹೆಸರು. ಅಷ್ಟು ಹೊತ್ತಿಗೆ ನನ್ನ ತಲೆಗೆ ಹೊಳೆಯಿತು. ದ್ವೀಪ ಒಡೆದದ್ದು 1974ರಲ್ಲಿ ಮಾತ್ರ ಎಂದಾದರೆ ತಿಮ್ಮಯ್ಯನವರು 1964ರಲ್ಲಿ ಯಾಕೆ ಬಂದರು? ಅವರು ಕಾಯಲು ಬಂದ ಗೆರೆ ಹತ್ತು ವರ್ಷ ಮೊದಲೇ ಇತ್ತು. ಲಾರ್ನಾಕಾದ ಆ ಫಲಕದ ಮುಂದೆ ದಿನಾ ಓಡಾಡುತ್ತೇನೆ, ಒಂದು ದಿನವೂ ಯೋಚಿಸಿರಲಿಲ್ಲ.

ಹಾಗಂತ ಬೆಳಗಿನ ಗೈಡ್ ಸುಳ್ಳು ಹೇಳಲಿಲ್ಲ. ಇವರೂ ಹೇಳಲಿಲ್ಲ. ಎಲ್ಲಿಂದ ಶುರು ಮಾಡುವುದು ಅನ್ನುವುದರಲ್ಲೇ ಜಗಳ ಇದೆ. ಅಮ್ಮನಿಗೆ ಹೇಳಿದೆ. "ನಿಮ್ಮ ದೊಡ್ಡಪ್ಪಂದೂ ಚಿಕ್ಕಪ್ಪಂದೂ ಭಾಗದ ಜಗಳ ಹೀಗೇ. ಇವರು ಬೇಲಿ ಕಿತ್ತ ದಿನದಿಂದ ಹೇಳ್ತಾರೆ, ಅವರು ಬೇಲಿ ಹಾಕಿದ ದಿನದಿಂದ" ಎಂದರು. ಚೆನ್ನಾಗಿದೆ, ಆದರೆ ಅಮ್ಮಾ, ಇಲ್ಲಿ ಎರಡೂ ಕಡೆ ಸೇರಿ ಕಾಣೆಯಾದವರ ಪಟ್ಟಿಯೇ ಎರಡು ಸಾವಿರ ಹೆಸರಿನದು. ಇವತ್ತಿಗೂ ಮೂಳೆ ಅಗೆದು ತೆಗೆದು ಮನೆಯವರಿಗೆ ಒಪ್ಪಿಸುತ್ತಿದ್ದಾರೆ. ದೊಡ್ಡಪ್ಪನ ತೆಂಗಿನ ತೋಟಕ್ಕೆ ಹೋಲಿಸಬೇಡ.

ಊಟ. ಹಾಲೂಮಿ ಚೀಸ್, ಬ್ರೆಡ್ಡು, ಟೊಮೆಟೊ. ಉತ್ತರದಲ್ಲಿ ಇದಕ್ಕೆ ಹೆಲ್ಲಿಮ್ ಎನ್ನುತ್ತಾರೆ. 2021ರಲ್ಲಿ ಯುರೋಪಿಯನ್ ಒಕ್ಕೂಟ ಎರಡು ಹೆಸರಿಗೂ ಒಟ್ಟಿಗೇ ಮಾನ್ಯತೆ ಕೊಟ್ಟಿತು. ರುಚಿ? ಅಮ್ಮ ಪ್ರಕಾರ ರಬ್ಬರು. ಚಟ್ನಿಪುಡಿ ಹಾಕಿಕೊಂಡ ಮೇಲೆ ಎರಡನೇ ಸಲ ಕೇಳಿ ಹಾಕಿಸಿಕೊಂಡರು.

ಸಲಾಮಿಸ್, ಹಳೆ ಕಾಲದ ಪಾಳು ಪಟ್ಟಣ. ನಾನು ಮೊದಲು ಬೋರು ಎಂದು ಕ್ಯಾಮೆರಾಗೆ ಹೇಳಿದ್ದೇನೆ, ಅದನ್ನು ಕತ್ತರಿಸಿಲ್ಲ. ಬರೀ ಕಂಬ, ತಲೆ ಇಲ್ಲದ ಅಮೃತಶಿಲೆ ಮೂರ್ತಿಗಳು, ಒಂದಿಷ್ಟೂ ನೆರಳಿಲ್ಲ. ಮಾತು ವಾಪಸ್ ತೆಗೆದುಕೊಳ್ಳುತ್ತೇನೆ. ಕಾರಣ ಇದು. ಅರ್ಧ ಚಂದ್ರಾಕಾರದಲ್ಲಿ ಇದೆಯಲ್ಲ, ಅದು ರೋಮನ್ನರ ಕಾಲದ ಶೌಚಾಲಯ. ಒಟ್ಟಿಗೆ 44 ಜನ ಕೂರಬಹುದಿತ್ತು, ನಡುವೆ ಗೋಡೆ ಇಲ್ಲ. ಹೊರಗೆ ಇವತ್ತಿನ ಶೌಚಾಲಯದ ಮುಂದೆ ನಮ್ಮ ಇಡೀ ಬಸ್ಸು ಸಾಲಲ್ಲಿ ನಿಂತಿತ್ತು, ಬಾಗಿಲು ಎರಡು. ಅಮ್ಮ ಆ 44ರ ಕಡೆ ಒಮ್ಮೆ ನೋಡಿದರು, ಸಾಲಿನ ಕಡೆ ಒಮ್ಮೆ ನೋಡಿದರು. ಮುಂದಿನದು ನೀವೇ ಊಹಿಸಿ.

ನಿಕೋಸಿಯಾ ದಾರಿ. ಬಲಕ್ಕೆ ಕಾಣುವ ಬೆಟ್ಟಸಾಲಿಗೆ ಗ್ರೀಕರು ಪೆಂಟಡಾಕ್ಟಿಲೋಸ್ ಎನ್ನುತ್ತಾರೆ, ಟರ್ಕರು ಬೆಶ್‌ಪರ್ಮಾಕ್. ಎರಡರ ಅರ್ಥವೂ ಐದು ಬೆರಳು. ಅದರ ಮೈಮೇಲೆ ಉತ್ತರದವರು ದೊಡ್ಡ ಬಾವುಟ ಬಳಿದಿದ್ದಾರೆ, ಗೆರೆಯ ಆಚೆ ಇರುವವರಿಗೂ ಕಾಣಲಿ ಎಂದೇ. ರಾತ್ರಿ ಲೈಟು ಬೇರೆ. ಇದು ನನಗೆ ಚೂರೂ ಹಿಡಿಸಲಿಲ್ಲ.

ಬುಯುಕ್ ಹಾನ್, 1572ರ ಛತ್ರ. ಕೆಳಗೆ ಅಂಗಡಿ, ಮೇಲೆ ಕೋಣೆಗಳು, ನಡುವೆ ಕಂಬದ ಮೇಲೆ ಪುಟಾಣಿ ಮಸೀದಿ. ಕಾಫಿ ಇಲ್ಲಿ ಟರ್ಕಿಶ್, ಐದು ನಿಮಿಷ ನಡೆದು ದಕ್ಷಿಣಕ್ಕೆ ಹೋದರೆ ಅದೇ ಕಾಫಿ ಗ್ರೀಕ್. ಎರಡರಲ್ಲೂ ತಳದಲ್ಲಿ ಕೆಸರು. "ಸೋಸೋದು ಮರೆತಿದ್ದಾರೆ" ಎಂದು ಅಮ್ಮ.

ಮತ್ತೆ ಕಪ್ಪು ಪರದೆ. ಲೆಡ್ರಾ ಬೀದಿಯ ಗೇಟು, 2008ರಲ್ಲಿ ತೆರೆದದ್ದು. ಬಸ್ಸು ಬೇರೆ ಕಡೆಯಿಂದ ಸುತ್ತಿ ಬರುತ್ತದೆ, ನಾವು ನಡೆದು ದಾಟಿದೆವು. ಆ ಕಡೆ ಒಂದು ಕಿಟಕಿ, ಈ ಕಡೆ ಒಂದು ಕಿಟಕಿ, ನಡುವೆ ಮರಳುಚೀಲ ಇಟ್ಟ ಹಳೆ ಅಂಗಡಿಗಳು. ಎರಡನೆಯ ಗೈಡ್ ಅಲ್ಲೇ ನಿಂತು ಕೈ ಬೀಸಿದರು. ಮೊದಲನೆಯವರು ಮೈಕ್ ಮತ್ತೆ ಕೈಗೆತ್ತಿಕೊಂಡರು.

ಇದು ರಾತ್ರಿ ಒಂಬತ್ತು, ಮತ್ತೆ ಲಾರ್ನಾಕಾ. ತಿಮ್ಮಯ್ಯನವರ ಫಲಕ, ಅಮ್ಮ ತೋರಿಸುತ್ತಿದ್ದಾರೆ. ಫೋಕಸ್ ಆಗಿಲ್ಲ, ಕ್ಷಮಿಸಿ. ಮುಂದಿನ ವಾರ ಉತ್ತರದ ಕೈರೇನಿಯಾ ಊರು. ಅಲ್ಲಿಯ ಕೋಟೆಯಲ್ಲಿ ಎರಡು ಸಾವಿರದ ಮುನ್ನೂರು ವರ್ಷ ಹಳೆಯ ಹಡಗಿದೆ, ಬಾದಾಮಿ ತುಂಬಿಕೊಂಡೇ ಮುಳುಗಿದ್ದು. ಈ ಸಲ ಫೋನ್ ಮನೆಯಲ್ಲೇ ಬಿಟ್ಟು ಹೋಗುತ್ತೇನೆ, ಬರೀ ಕ್ಯಾಮೆರಾ.

ಅಮ್ಮ ಪಕ್ಕದಲ್ಲಿ ಬಂದು ಕೂತರು. ಈ ರೆಕಾರ್ಡಿಂಗ್ ಕೇಳಿಸಿಕೊಂಡಿದ್ದಾರೆ. ಐವತ್ತೊಂಬತ್ತು ಯೂರೋ ಅಂದರೆ ಎಷ್ಟು ಎಂದು ಕೇಳುತ್ತಿದ್ದಾರೆ. ಇಲ್ಲಿಗೇ ಆಫ್ ಮಾಡುತ್ತೇನೆ.