ಮಾಯದ ಕಲ್ಲಿಗೆ ಏನು ಮಾಡಲು ಬರುವುದಿಲ್ಲ?

ಎಲ್ಲರಿಗೂ ನಮಸ್ಕಾರ. ಈ ಕಮ್ಮಟಕ್ಕೆ ನೀವು ಕಳಿಸಿದ ಕತೆಗಳನ್ನು ಓದಿಕೊಂಡೇ ಹಾಸನಕ್ಕೆ ಬಂದಿದ್ದೇನೆ. ಎಲ್ಲವೂ ಮಾಯಾಲೋಕದ ಕತೆಗಳು. ಖುಷಿಯಾಯಿತು. ಆದರೆ ಒಂದು ತಕರಾರಿದೆ. ಅದನ್ನು ಹೇಳದೆ ನಿಮ್ಮನ್ನು ಊಟಕ್ಕೆ ಬಿಡುವುದಿಲ್ಲ.

ಹೆಚ್ಚುಕಮ್ಮಿ ಎಲ್ಲ ಕತೆಯಲ್ಲೂ ಒಂದು ಮಣಿಯೋ ಲೋಹವೋ ಇದೆ. ಅದು ಗಾಯ ವಾಸಿ ಮಾಡುತ್ತದೆ, ಕತ್ತಿಗೆ ಬೆಂಕಿ ಹಚ್ಚುತ್ತದೆ, ಆಕಾಶಕ್ಕೆ ಹಾರಿಸುತ್ತದೆ, ಕೊನೇ ಪುಟದಲ್ಲಿ ಸತ್ತವರನ್ನೂ ಎಬ್ಬಿಸುತ್ತದೆ. ಇಂಥದ್ದು ಕೈಲಿದ್ದ ಮೇಲೆ ನಿಮ್ಮ ನಾಯಕ ಕಾಡು ಮೇಡು ಅಲೆಯುವುದು ಯಾಕೆ? ಸುಮ್ನೆ ಮನೇಲಿ ಕೂರಬಹುದಿತ್ತು, ಅಲ್ವಾ?

ನಮ್ಮ ಹಳಬರು ಈ ವಿಷಯದಲ್ಲಿ ಜಾಣರು. ಅಕ್ಷಯಪಾತ್ರೆ ಎಷ್ಟು ಜನಕ್ಕೆ ಬೇಕಾದರೂ ಅನ್ನ ಕೊಡುತ್ತದೆ. ಆದರೆ ದ್ರೌಪದಿ ಉಂಡಾದ ಮೇಲೆ ಅವತ್ತಿಗೆ ಮುಗಿಯಿತು. ಆ ಷರತ್ತು ಇಲ್ಲದಿದ್ದರೆ ದೂರ್ವಾಸರು ಶಿಷ್ಯರ ದಂಡು ಕಟ್ಟಿಕೊಂಡು ಬಂದಾಗ ಯಾರಿಗೆ ಭಯ? ಬಡಿಸಿ ಕಳಿಸುತ್ತಿದ್ದರು, ಅಷ್ಟೆ. ಹಾಗಾಗಿ ನಾನು ಮೊದಲು ಕೇಳುವುದು ಇದನ್ನೇ: ನಿಮ್ಮ ವಸ್ತುವಿಗೆ ಏನು ಮಾಡಲು ಬರುವುದಿಲ್ಲ?

ಬೇಲೂರಿಗೆ ನೀವೆಲ್ಲ ಹೋಗಿದ್ದೀರಿ. ನೆಂಟರು ಬಂದಾಗಲೆಲ್ಲ ಕರೆದುಕೊಂಡು ಹೋಗಿ ಸಾಕೂ ಆಗಿದೆ. ವಿಷ್ಣುವರ್ಧನ, 1117, ಅದನ್ನೆಲ್ಲ ನಾನು ಹೇಳಬೇಕಾಗಿಲ್ಲ. ನನ್ನ ಕಣ್ಣು ಕಲ್ಲಿನ ಮೇಲೆ. ಬಳಪದ ಕಲ್ಲು. ನೆಲದಿಂದ ತೆಗೆದ ಹೊಸದರಲ್ಲಿ ಮೆತ್ತಗಿರುತ್ತದೆ, ಗಾಳಿಗೆ ಬಿದ್ದು ಬರಬರುತ್ತಾ ಗಟ್ಟಿಯಾಗುತ್ತದೆ. ಮದನಿಕೆಯರ ಬಳೆ, ಸರ, ಅಷ್ಟು ಸಣ್ಣ ಕುಸುರಿ ಬಂದಿದ್ದು ಆ ಗುಣದಿಂದ. ಕಂಬಗಳನ್ನು ತಿರುಗಣಿಗೆ ಕೊಟ್ಟಿದ್ದೂ ಅದರಿಂದಲೇ. ಈ ಕಡೆ ಶ್ರವಣಬೆಳಗೊಳಕ್ಕೆ ಬನ್ನಿ. ಗೊಮ್ಮಟ ಸುಮಾರು 57 ಅಡಿ, ಗ್ರಾನೈಟು. ಒಂದು ಸರವೂ ಇಲ್ಲ. ಎಲ್ಲ ಬಿಟ್ಟವನಿಗೆ ಒಡವೆ ಯಾಕೆ ಅಂತೀರಿ. ಸರಿ. ಆದರೆ ಆ ಕಲ್ಲೂ ಅಷ್ಟು ಸುಲಭಕ್ಕೆ ಒಪ್ಪುತ್ತಿರಲಿಲ್ಲ!

ಆ ಮೆತ್ತಗಿರುವ ಹೊತ್ತು ಇದೆಯಲ್ಲ, ಅದನ್ನೇ ಹಿಡಿದು ನಾನೊಂದು ಕಲ್ಲು ಹುಟ್ಟಿಸಿದ್ದೇನೆ. ನನ್ನ ಕತೆಯ ನಾಡಿನಲ್ಲಿ ಅದಕ್ಕೆ ಕೇಳುಗಲ್ಲು ಅಂತಾರೆ. ಅಗೆದು ತೆಗೆದ ಮೇಲೆ ಗಟ್ಟಿಯಾಗುವತನಕ, ಪಕ್ಕದಲ್ಲಿ ಯಾರು ಏನು ಮಾತಾಡಿದರೂ ಹಿಡಿದಿಟ್ಟುಕೊಳ್ಳುತ್ತದೆ. ಆಮೇಲೆ ನೀರು ಬಿದ್ದಾಗಲೆಲ್ಲ ಅದನ್ನೇ ಆಡುತ್ತದೆ. ಅದರ ಮಾಯೆ ಇಷ್ಟೇ. ಈಗ ಬಾರದ್ದು ಕೇಳಿ. ಹಿಡಿದದ್ದನ್ನು ಅಳಿಸಲು ಬರುವುದಿಲ್ಲ. ಬೇಕಾದ್ದು, ಬೇಡದ್ದು ಅಂತ ಆರಿಸಲು ಬರುವುದಿಲ್ಲ. ಸುಳ್ಳು ಯಾವುದು, ನಿಜ ಯಾವುದು, ತಿಳಿಯುವುದಿಲ್ಲ.

ಅಲ್ಲಿನವರು ಅದನ್ನು ಗದ್ದೆ ಬದುವಿಗೆ ನೆಡುತ್ತಾರೆ. ಅಣ್ಣತಮ್ಮಂದಿರು ಪಾಲಾಗುವಾಗ ಆಡಿದ ಮಾತು ಅದರಲ್ಲಿರುತ್ತದೆ. ಜಗಳ ಬಂತೋ, ಒಂದು ಚೊಂಬು ನೀರು ಹುಯ್ದರಾಯಿತು. ಇಲ್ಲೇ ಬೇಲೂರು ತಾಲ್ಲೂಕಿನಲ್ಲಿ ಸಿಕ್ಕಿದ ಹಲ್ಮಿಡಿ ಶಾಸನವೂ, ಸುಮಾರು 450ನೇ ಇಸವಿಯದು, ಭೂಮಿ ಕೊಟ್ಟಿದ್ದಕ್ಕೆ ಸಾಕ್ಷಿಯೇ. ಕೆಡಿಸಿದವನಿಗೆ ಮಹಾಪಾತಕ ಅಂತ ಬೇರೆ ಬರೆದಿದೆ. ನನ್ನ ಕಲ್ಲಿಗೆ ಬಾಯಿ ಬಂದಿದೆ, ಅಷ್ಟೇ ವ್ಯತ್ಯಾಸ.

ಆದರೆ ಕಲ್ಲು ಅಗೆಯುವವರು ಯಾರು? ಅವರು ಬಾಯಿ ಬಿಡುವ ಹಾಗಿಲ್ಲ. ಕೈಸನ್ನೆಯಲ್ಲೇ ಎಲ್ಲ. ಅಗೆತಕ್ಕೆ ಒಂದು ಕೂಲಿ, ಸುಮ್ಮನಿದ್ದಿದ್ದಕ್ಕೆ ಇನ್ನೊಂದು ಕೂಲಿ. ಕೆಮ್ಮನ್ನು ಮಾತ್ರ ತಡೆಯಲಾಗುವುದಿಲ್ಲ. ಹಾಗಾಗಿ ಆ ನಾಡಿನಲ್ಲಿ ರಾಜನ ಆಜ್ಞೆಗಳೆಲ್ಲ ಯಾರದೋ ಕೆಮ್ಮಿನಿಂದ ಶುರುವಾಗುತ್ತವೆ.

ಇಲ್ಲೊಂದು ಉಪಕತೆ, ನನಗೆ ಬಹಳ ಇಷ್ಟ. ಒಬ್ಬ ಸಾಹುಕಾರ. ಮಾತು ಬಿದ್ದು ಕೆಟ್ಟ ಕಲ್ಲುಗಳನ್ನು ಅಗ್ಗಕ್ಕೆ ತಂದು ಬಚ್ಚಲಮನೆಗೆ ಹಾಸಿಸಿದ. ಮೊದಲ ದಿನ ಸ್ನಾನಕ್ಕಿಳಿದ. ಒಂದು ಚೊಂಬು ಹುಯ್ದುಕೊಂಡ. ಕಾಲಡಿಯಿಂದ ದನಿ: ‘ಸಾಹುಕಾರ ಕೂಲಿ ಕೊಟ್ನೇನೋ?’ ಮೈಗೆಲ್ಲ ಸೀಗೆಪುಡಿ, ತೊಳೆಯದೆ ಬರುವ ಹಾಗಿಲ್ಲ. ಇನ್ನೊಂದು ಚೊಂಬು. ‘ಎಲ್ಲಿ ಕೊಡ್ತಾನೆ? ಸುಗ್ಗಿ ಕಳೀಲಿ ಅಂತಾನೆ, ಜಿಪುಣ.’ ಹೊರಗಿಂದ ಹೆಂಡತಿ, ‘ಯಾರ್ರೀ ಅದು ಒಳಗೆ?’ ಅವನು ಸ್ನಾನವನ್ನು ಕೆರೆಗೆ ಬದಲಾಯಿಸಿದ. ಆದರೆ ಬೀಗರು ಬಂದರೆ? ಬಿಸಿನೀರು ಕೊಡದೆ ಇರುವುದಕ್ಕಾಗುತ್ತದಾ? ಬೀಗರು ಸ್ನಾನ ಮಾಡಿ ಬಂದರು, ಏನೂ ಮಾತಾಡಲಿಲ್ಲ. ಊಟಕ್ಕೆ ಕೂತಾಗ ತುಪ್ಪದ ಮಿಳ್ಳೆಯನ್ನೇ ನೋಡುತ್ತಿದ್ದರು. ಮರುದಿನ ಸಾಹುಕಾರ ಓಡಿಹೋಗಿ ಕೂಲಿ ಬಾಕಿ ತೀರಿಸಿದ. ಏನು ಬಂತು? ಕಲ್ಲು ಇವತ್ತಿಗೂ ಕೊಟ್ಟಿಲ್ಲ ಅಂತಲೇ ಹೇಳುತ್ತಿದೆ. ಅಳಿಸಲು ಬರುವುದಿಲ್ಲ ಅಂತ ಆಗಲೇ ಹೇಳಿದೆನಲ್ಲ.

ಸಕಲೇಶಪುರದವರು ಯಾಕೆ ನಗುತ್ತಿದ್ದೀರಿ ಗೊತ್ತು. ಅಲ್ಲಿನ ಮಳೆಗೆ ಬದುಗಳೆಲ್ಲ ಜೂನ್‌ನಿಂದ ಬಾಯಿ ಮುಚ್ಚುವುದೇ ಇಲ್ಲ. ಅದಕ್ಕೇ ನನ್ನ ನಾಡಿನಲ್ಲಿ ಕಲ್ಲಿಗೂ ಗೊರಬು ಹೊದಿಸುತ್ತಾರೆ. ಗೊರಬು ಹೆಣೆಯುವವರಿಗೆ ಒಳ್ಳೇ ಕಾಲ.

ಚೀಟಿ ಬಂತು. ಐದು ನಿಮಿಷವಂತೆ. ಬೆಲೆ, ಕಳ್ಳಸಾಗಣೆ, ದೇವಸ್ಥಾನದಲ್ಲಿ ಬಳಕೆ, ಇವನ್ನೆಲ್ಲ ಬಿಡುತ್ತೇನೆ. ಕಸದ ಮಾತೊಂದು ಹೇಳುತ್ತೇನೆ. ಕುದುರೆಮುಖದಿಂದ ಅದಿರು ಕೆಸರಾಗಿ ಪೈಪಿನಲ್ಲಿ ಮಂಗಳೂರಿಗೆ ಹರಿಯುತ್ತಿತ್ತು. 2005ರ ಕೊನೆಗೆ ಗಣಿ ನಿಂತಿತು. ಅದಿರು ತೆಗೆದು ಉಳಿದ ಹೂಳು ಲಕ್ಯಾ ಅಣೆಕಟ್ಟಿನ ಹಿಂದೆ ಹಾಗೇ ಕೂತಿದೆ. ನಿಮ್ಮ ಮಾಯಾಲೋಹದ ಹೂಳನ್ನು ಎಲ್ಲಿ ಸುರಿದಿದ್ದೀರಿ? ಒಬ್ಬರೂ ಬರೆದಿಲ್ಲ.

ಚೀಟಿಯ ಹಿಂಬದಿಯಲ್ಲಿ ಯಾರೋ ಪ್ರಶ್ನೆಯನ್ನೂ ಬರೆದಿದ್ದಾರೆ. ‘ಕೇಳುಗಲ್ಲನ್ನು ಕುಟ್ಟಿ ಪುಡಿ ಮಾಡಿದರೆ?’ ಒಳ್ಳೇ ಪ್ರಶ್ನೆ. ಕಣಕಣಕ್ಕೂ ಒಂದೊಂದು ಅಕ್ಷರ ಉಳಿಯುತ್ತದೆ. ಅದನ್ನು ಗಾರೆಗೆ ಕಲಸಿದರೆ ಮಳೆಗಾಲವೆಲ್ಲ ಗೋಡೆ ಗೊಣಗುತ್ತಿರುತ್ತದೆ, ಯಾರಿಗೂ ಅರ್ಥವಾಗುವುದಿಲ್ಲ. ಅಂಥ ಮನೆಯನ್ನು ಯಾರು, ಯಾಕೆ ಕಟ್ಟಿಸುತ್ತಾರೆ ಅನ್ನುವುದು ನನಗಿನ್ನೂ ಹೊಳೆದಿಲ್ಲ. ಹೊಳೆದವರು ಊಟ ಆದ ಮೇಲೆ ಬರೆದು ತನ್ನಿ, ಮಧ್ಯಾಹ್ನದ ಗೋಷ್ಠಿಯಲ್ಲಿ ಮೊದಲು ಅದನ್ನೇ ಓದೋಣ.