ಬೆರ್ಟಿನಿ ಓಡಲ್ಲ, ನಡೀತಾರೆ

ಹಾಂ, ಪರದೆ ಮೇಲೆ ಬಂದ್ರು ನೋಡಿ. ಹಿಂದೆ ನೇಪಲ್ಸ್ ಕೊಲ್ಲಿ, ಮೈತುಂಬ ಶಾಲು. ಫ್ರಾಂಚೆಸ್ಕಾ ಬೆರ್ಟಿನಿ, 1915ರ ಇಟಲಿಯ ಮೂಕಿ ಚಿತ್ರ ‘ಅಸ್ಸುಂತಾ ಸ್ಪೀನಾ’ದಲ್ಲಿ ಅಸ್ಸುಂತಾ ಆಗಿ. ಕಂಪನಿ ರೋಮ್‌ನ ಚೇಸರ್ ಫಿಲ್ಮ್, ಆದ್ರೆ ಬೀದಿ, ಸಮುದ್ರ ಎಲ್ಲಾ ನೇಪಲ್ಸ್‌ದೇ, ಸೆಟ್ ಅಲ್ಲ.

ಈಗ ಪಕ್ಕದಲ್ಲಿ ಓಡ್ತಿರೋದು ಆನ್‌ಲೈನಲ್ಲಿ ಸಿಗೋ ಕಾಪಿ. ಎಲ್ರೂ ಬಸ್ ತಪ್ಪಿದವರ ಹಾಗೆ ಪಟಪಟ ಓಡ್ತಿದಾರೆ. ಇದನ್ನ ನೋಡಿದ್ರೆ ಸಂಕಟ ಆಗುತ್ತೆ. ಆಗಿನ ಕ್ಯಾಮೆರಾ ಕೈಯಲ್ಲಿ ತಿರುಗಿಸೋದು, ಹಿಡಿಕೆ ಒಂದು ಸುತ್ತಿಗೆ 8 ಫ್ರೇಮು, ಸೆಕೆಂಡಿಗೆ ಎರಡು ಸುತ್ತು. ಅಂದ್ರೆ 16, ಕೈ ಸ್ವಲ್ಪ ಚುರುಕಾದ್ರೆ 18. ಅದನ್ನ ಈಗಿನ ಸಿನಿಮಾ ವೇಗ, ಸೆಕೆಂಡಿಗೆ 24ರಲ್ಲಿ ಓಡಿಸಿದ್ರೆ ಇನ್ನೇನಾಗುತ್ತೆ? 300 ಮೀಟರ್ ರೀಲಲ್ಲಿ ಸುಮಾರು 15,800 ಫ್ರೇಮ್ ಇರುತ್ತೆ. 16ರಲ್ಲಿ ಹದಿನಾರು ನಿಮಿಷ ದಾಟುತ್ತೆ, 24ರಲ್ಲಿ ಹನ್ನೊಂದಕ್ಕೇ ಮುಗಿಯುತ್ತೆ. ರೀಲಿಗೆ ಐದು ನಿಮಿಷ ನಟನೆ ಹೋಯ್ತು! ಆಮೇಲೆ ಜನ ಹೇಳೋದು, ಮೂಕಿ ಕಾಲದವರಿಗೆ ನಟನೆ ಬರ್ತಿರಲಿಲ್ಲ ಅಂತ.

ಪ್ಲೇಯರಲ್ಲಿ ವೇಗ 0.75ಕ್ಕೆ ಇಳಿಸಿ, 18 ಆಗುತ್ತೆ. ಸಂಗೀತ ಎಳೆದಾಡುತ್ತೆ, ಮ್ಯೂಟ್ ಮಾಡಿ. ಎಡಿಟಿಂಗಲ್ಲಿ ನಿಧಾನ ಮಾಡೋದಾದ್ರೆ ಫ್ರೇಮ್ ಬ್ಲೆಂಡಿಂಗ್ (ಪಕ್ಕಪಕ್ಕದ ಫ್ರೇಮ್‌ಗಳನ್ನ ಬೆರೆಸೋದು) ಆಫ್ ಇರಲಿ, ಇಲ್ದಿದ್ರೆ ಬೆರಳುಗಳೆಲ್ಲ ಕಲಸಿಹೋಗುತ್ತೆ. ರಿಸ್ಟೋರ್ ಆದ ಕಾಪಿಗಳಲ್ಲಿ ಎಷ್ಟೋ ಸಲ ವೇಗ ಮೊದಲೇ ಸರಿ ಮಾಡಿರ್ತಾರೆ, ಮತ್ತೆ ಇಳಿಸಬೇಡಿ. ಗೊತ್ತಾಗೋದು ಹೇಗೆ? ಮುಖ ಬಿಡಿ, ಬಟ್ಟೆ ನೋಡಿ. ಶಾಲು ಹೆಗಲಿಂದ ಜಾರುತ್ತಲ್ಲ, ಅದು ಬೀಳೋ ವೇಗ ಕಣ್ಣಿಗೆ ಸಹಜ ಅನ್ನಿಸಬೇಕು.

ತುಟಿ ಯಾಕಿಷ್ಟು ಕಪ್ಪು ಅಂದ್ರೆ, ಆ ಫಿಲ್ಮಿಗೆ ಕೆಂಪು ಕಾಣಲ್ಲ. ಅಷ್ಟೇ.

ದೀವಾಗಳಲ್ಲಿ, ಅಂದ್ರೆ ಆ ಕಾಲದ ಇಟಲಿಯ ದೊಡ್ಡ ತಾರೆಯರಲ್ಲಿ, ಲೀಡಾ ಬೊರೆಲ್ಲಿನೇ ಮೇಲು. ಮೈ ಬಳುಕಿಸಿ ಪರದೆನೇ ತುಂಬ್ತಾರೆ. ಅವರ ಮುಂದೆ ಬೆರ್ಟಿನಿ... ತಡೀರಿ, ಇಲ್ಲಿ ನೋಡಿ. ಸೆರಗು ಸರಿಮಾಡೋ ಹಾಗೆ ಬರೀ ಎರಡು ಬೆರಳಲ್ಲಿ ಶಾಲಿನ ಅಂಚು ಹಿಡಿದು ಕತ್ತಿಗೆ ಎಳ್ಕೊಳ್ತಾರೆ, ಅಷ್ಟರಲ್ಲೇ ಅಸ್ಸುಂತಾಗೆ ಭಯ ಅಂತ ಗೊತ್ತಾಗುತ್ತೆ. ಬೊರೆಲ್ಲಿ ಇದನ್ನ ಮಾಡ್ತಿರಲಿಲ್ಲ. ಬೆರ್ಟಿನಿನೇ ಮೇಲು, ಮಾತು ವಾಪಸ್ ತಗೋತೀನಿ.

ಬೊರೆಲ್ಲಿ 1918ರಲ್ಲಿ ಮದುವೆಯಾಗಿ ಸಿನಿಮಾ ಬಿಟ್ರು. ಬೆರ್ಟಿನಿ 1921ರಲ್ಲಿ ಸ್ವಿಸ್ ಬ್ಯಾಂಕರ್ ಪಾಲ್ ಕಾರ್ಟಿಯೆ ಅವರನ್ನ ಮದುವೆಯಾದ್ರು, ಆದ್ರೂ ಆಗಾಗ ಕ್ಯಾಮೆರಾ ಮುಂದೆ ಬರ್ತಿದ್ರು. 1976ರಲ್ಲಿ ಇಟಲಿಯ ನಿರ್ದೇಶಕ ಬೆರ್ತೊಲುಚ್ಚಿ ಚಿತ್ರದಲ್ಲೂ ಇದಾರೆ, ಸನ್ಯಾಸಿನಿ ಪಾತ್ರ. ತೀರಿಕೊಂಡಿದ್ದು 1985ರಲ್ಲಿ.

ಇನ್ನು ನಿರ್ದೇಶನ. ಹೆಸರಿರೋದು ಗುಸ್ತಾವೊ ಸೆರೆನಾದು, ಅಸ್ಸುಂತಾಳ ಪ್ರೇಮಿ ಮೀಕೆಲೆ ಪಾತ್ರ ಮಾಡಿರೋರೂ ಅವರೇ. ಬೆರ್ಟಿನಿ ಮಾತ್ರ ಕೊನೆವರೆಗೂ ನಿರ್ದೇಶನ ನಂದೇ ಅಂತಿದ್ರು. ನಾನು ನಂಬ್ತೀನಿ. ಪ್ರತಿ ಶಾಟಲ್ಲೂ ಕಣ್ಣು ಎಲ್ಲಿ ನಿಲ್ಲಬೇಕು ಅಂತ ಅವರ ಶಾಲೇ ಹೇಳ್ತಿದೆಯಲ್ಲ. ಸರಿ ಸರಿ, ಕೋರ್ಟ್ ಸೀನ್ ಬಂತು, ಸುಮ್ನೆ ಇರ್ತೀನಿ.